ಅವ್ವನ ಬೆಳ್ಳುಳ್ಳಿ, ತಮ್ಮನ ಪಲ್ಲಕ್ಕಿ

ಅವ್ವ ಅಮೃತಸರಕ್ಕೆ ಹೊರಟಿದ್ದು ತಮ್ಮನ ಮದುವೆಗಾಗಿ.

ತಮ್ಮನಿಗೆ 38 ವರ್ಷ. ಬೀದರ್ ಹತ್ತಿರ ಜನವಾಡದ ಕಡೆ ನಮ್ಮ ಹೊಲ. ತೊಗರಿ, ಸೋಯಾ ಬೆಳೆಯುತ್ತಾನೆ. ಒಳ್ಳೆ ಹುಡುಗ. ಕುಡಿಯುವುದಿಲ್ಲ, ತಂಬಾಕು ಮಾತ್ರ ಬಿಟ್ಟಿಲ್ಲ. ಆದರೆ ಒಕ್ಕಲುತನ ಮಾಡುವವನಿಗೆ ಹೆಣ್ಣು ಕೊಡುವವರು ಈಗ ಎಲ್ಲಿದ್ದಾರೆ? ಅವ್ವ ಖಾನಾಪುರದ ಮೈಲಾರನಿಗೆ ಹರಕೆ ಹೊತ್ತಳು. ಗಾಣಗಾಪುರಕ್ಕೆ ಹೋಗಿ ಬಂದಳು. ಪಂಢರಪುರದ ವಿಠ್ಠಲನಿಗೂ ಹೇಳಿ ಬಂದಳು. ಎಲ್ಲ ಮುಗಿದ ಮೇಲೆ ನೆನಪಾದದ್ದು ಝೀರಾದ ಗುರು.

ಬೀದರ್‌ನವರಿಗೆ ನಾನಕ್ ಝೀರಾ ಗುರುದ್ವಾರ ಪರಕೀಯ ಜಾಗ ಅಲ್ಲ. ಗುರು ನಾನಕರು 16ನೇ ಶತಮಾನದ ಆರಂಭದಲ್ಲಿ ದಕ್ಷಿಣದ ಕಡೆ ಬಂದಾಗ ಬೀದರ್‌ನಲ್ಲಿ ಕುಡಿಯುವ ನೀರಿಗೆ ತತ್ವಾರವಿತ್ತಂತೆ. ಅವರು ಕಾಲಿನಿಂದ ಒಂದು ಕಲ್ಲು ಸರಿಸಿದರು, ನೀರು ಚಿಮ್ಮಿತು ಅನ್ನುವುದು ನಂಬಿಕೆ. ಆ ಊಟೆ ಇವತ್ತಿಗೂ ಹರಿಯುತ್ತಿದೆ. ನಾವು ಸಣ್ಣವರಿದ್ದಾಗ ಜ್ವರ ಬಂದರೆ ಅವ್ವ ಬಾಟಲಿಯಲ್ಲಿ ಆ ನೀರು ತರುತ್ತಿದ್ದಳು. ಶಾಲೆ ತಪ್ಪಿಸಿ ಲಂಗರಿನಲ್ಲಿ, ಅಂದರೆ ಅಲ್ಲಿನ ಪುಕ್ಕಟೆ ಊಟದ ಮನೆಯಲ್ಲಿ, ಉಂಡದ್ದೂ ಇದೆ. ಅಷ್ಟು ಸಲ ಹೋದರೂ ಒಳಗೆ ಏನು ನಡೆಯುತ್ತದೆ ಅಂತ ನಾನು ಒಮ್ಮೆಯೂ ಕೇಳಿರಲಿಲ್ಲ. ನೀರು ಕುಡಿದೆವು, ಉಂಡೆವು, ಮನೆಗೆ ಬಂದೆವು. ಅಷ್ಟೇ.

"ಅವ್ರ ನೀರು ಕುಡ್ದು ಬೆಳ್ದೀರಿ. ಅವ್ರ ಮೂಲ ಮನಿಗೇ ಹೋಗಿ ಕೇಳಮು" ಅಂದಳು ಅವ್ವ. ಜೊತೆಗೆ ಒಂದು ಅನುಮಾನ: "ಅಲ್ಲಿ ದೇವ್ರು ಹೂ ಕೊಡ್ತದೇನು?"

ನಮ್ಮ ಕಡೆ ದೇವರ ತಲೆಯ ಮೇಲಿನ ಹೂವು ಬಲಕ್ಕೆ ಬಿದ್ದರೆ ಹೂಂ, ಎಡಕ್ಕೆ ಬಿದ್ದರೆ ಊಹೂಂ. ಅವ್ವನ ಬದುಕಿನ ದೊಡ್ಡ ನಿರ್ಧಾರಗಳೆಲ್ಲ ಹೀಗೇ ಆದದ್ದು. ನನ್ನ ಮದುವೆಯೂ ಹಾಗೇ ಆಯಿತು. ಆ ಹೂವಿನ ಬಗ್ಗೆ ನನಗೆ ಇವತ್ತಿಗೂ ಸಣ್ಣ ಸಿಟ್ಟಿದೆ, ಇರಲಿ.

ತೊಗರಿ ರಾಶಿ ಮುಗಿದು ಫೆಬ್ರವರಿಯಲ್ಲಿ ತಮ್ಮನಿಗೆ ಬಿಡುವಾಯಿತು. ಮೂವರೂ ನಾಂದೇಡಕ್ಕೆ ಹೋಗಿ, ಅಲ್ಲಿಂದ ಸಚ್‌ಖಂಡ್ ಎಕ್ಸ್‌ಪ್ರೆಸ್ ಹಿಡಿದೆವು. ಹತ್ತನೆಯ ಗುರು ಗೋಬಿಂದ್ ಸಿಂಘರು 1708ರಲ್ಲಿ ತೀರಿಕೊಂಡದ್ದು ನಾಂದೇಡದಲ್ಲೇ. ನನ್ನ ನಂತರ ಮನುಷ್ಯ ಗುರು ಇಲ್ಲ, ಗ್ರಂಥವೇ ಗುರು ಅಂತ ಅವರು ಹೇಳಿದ್ದೂ ಅಲ್ಲೇ. ರೈಲಿನಲ್ಲಿ ಎರಡು ಹಗಲು. ದಾರಿಯ ಕೆಲವು ನಿಲ್ದಾಣಗಳಲ್ಲಿ ಜನ ಬಕೆಟ್ಟು ಹಿಡಿದು ಓಡಿ ಬಂದು ಕಿಟಕಿಯಲ್ಲೇ ರೊಟ್ಟಿ ಪಲ್ಯ ಬಡಿಸಿದರು. ಅವ್ವ ಕಟ್ಟಿಕೊಂಡು ಬಂದಿದ್ದ ಜೋಳದ ರೊಟ್ಟಿ ಮುಗಿಯಲೇ ಇಲ್ಲ.

ಅಮೃತಸರದ ಹರ್‌ಮಂದಿರ್ ಸಾಹಿಬ್, ಅಂದರೆ ಸ್ವರ್ಣಮಂದಿರದ ಹೊರಗೆ ನಮ್ಮ ಮೊದಲ ಕೆಲಸ ಚಪ್ಪಲಿ ಬಿಡುವುದು. ಅದಕ್ಕೆ ಜೋಡಾ ಘರ್ ಅನ್ನುತ್ತಾರೆ. ಕೌಂಟರಿನ ಹಿಂದೆ ನಿಂತವರು ನೋಡಲು ದೊಡ್ಡ ಹುದ್ದೆಯವರ ಹಾಗಿದ್ದರು. ಬಿಳಿ ಗಡ್ಡ, ಇಸ್ತ್ರಿ ಮಾಡಿದ ಕುರ್ತಾ, ಕೈಯಲ್ಲಿ ಒಳ್ಳೆ ಗಡಿಯಾರ. ಅವರು ಅವ್ವನ ಸವೆದ ಚಪ್ಪಲಿಗೆ ಎರಡೂ ಕೈ ಚಾಚಿದರು. ಅವ್ವ ಹೌಹಾರಿದಳು. "ಅಯ್ಯಯ್ಯ, ನಿಮ್ಮ ಕೈಲಿ ಬ್ಯಾಡ್ರಿ!" ಅಂತ ಕನ್ನಡದಲ್ಲೇ ಕೂಗಿ ಚಪ್ಪಲಿಯನ್ನು ಸೆರಗಿನಲ್ಲಿ ಮುಚ್ಚಿಕೊಂಡಳು. ಅವರು ನಕ್ಕು, ಚಪ್ಪಲಿ ಈಸಿಕೊಂಡು, ಬಟ್ಟೆಯಲ್ಲಿ ಧೂಳು ಒರೆಸಿ, ಟೋಕನ್ ಕೊಟ್ಟರು. ಅದೂ ಒಂದು ಸೇವೆಯಂತೆ, ಅದಕ್ಕಾಗಿ ಬೇರೆ ಊರುಗಳಿಂದ ಬರುತ್ತಾರಂತೆ. ಅವ್ವ ಅರ್ಧ ಗಂಟೆ ಮಾತಾಡಲಿಲ್ಲ.

ಎರಡನೆಯದು ತಲೆ ಮುಚ್ಚುವುದು. ಅವ್ವನಿಗೆ ಸೆರಗಿತ್ತು, ನನಗೆ ದುಪಟ್ಟಾ. ತಮ್ಮ ಹೆಗಲ ಮೇಲಿನ ಟವೆಲನ್ನೇ ರುಮಾಲಿನಂತೆ ಸುತ್ತಿದ. ಅಷ್ಟರಲ್ಲಿ ಅವನಿಗೆ ಜೇಬಿನ ತಂಬಾಕು ನೆನಪಾಯಿತು. ಸಿಖ್ಖರಿಗೆ ತಂಬಾಕು ಕಟ್ಟುನಿಟ್ಟಾಗಿ ನಿಷಿದ್ಧ ಅಂತ ನಾನು ರೈಲಿನಲ್ಲೇ ಹೇಳಿದ್ದೆ. ಪಾಪ, ಆ ಚೀಟನ್ನು ಹೊರಗೇ ಕಸದ ಬುಟ್ಟಿಗೆ ಹಾಕಿ ಬಂದ. ಹತ್ತು ಹೆಜ್ಜೆ ನಡೆದಿದ್ದೇವೆ, ಪುಸ್ತಕದಂಗಡಿಯವನು ಯಾರಿಗೋ "ಗುಟ್ಕಾ ಸಾಹಿಬ್ ಬೇಕಾ?" ಅಂತ ಕೇಳುತ್ತಿದ್ದಾನೆ. ತಮ್ಮ ನನ್ನ ಮುಖ ನೋಡಿದ. ದಿನದ ಪ್ರಾರ್ಥನೆಗಳಿರುವ ಪುಟ್ಟ ಪುಸ್ತಕಕ್ಕೆ ಪಂಜಾಬಿಯಲ್ಲಿ ಗುಟ್ಕಾ ಅನ್ನುತ್ತಾರೆ, ಮರ್ಯಾದೆಗೆ ಸಾಹಿಬ್ ಸೇರಿಸುತ್ತಾರೆ. ನಮ್ಮ ಗುಟ್ಕಾಕ್ಕೂ ಇದಕ್ಕೂ ಯಾವ ಸಂಬಂಧವೂ ಇಲ್ಲ. ಅವನಿಗೆ ಅದನ್ನು ನಂಬಿಸಲು ಎರಡು ನಿಮಿಷ ಬೇಕಾಯಿತು.

ಕಾಲು ತೊಳೆಯಲು ಬಾಗಿಲಲ್ಲೇ ನೀರು ಹರಿಯುತ್ತದೆ. ದಾಟಿದರೆ ಮೆಟ್ಟಿಲು. ಹತ್ತುವುದಲ್ಲ, ಇಳಿಯುವುದು. ನಮ್ಮ ದೇವರೆಲ್ಲ ಗುಡ್ಡದ ಮೇಲೆ ಕೂತಿರುತ್ತಾರೆ, ಏದುಸಿರು ಬಿಟ್ಟುಕೊಂಡು ಹತ್ತಬೇಕು. ಇಲ್ಲಿ ತಗ್ಗಿಗೆ ಇಳಿದು ಹೋಗಬೇಕು. ಕೆಳಗೆ ದೊಡ್ಡ ಸರೋವರ. ನಾಲ್ಕನೆಯ ಗುರು ರಾಮದಾಸರ ಕಾಲದಲ್ಲಿ, 1577ರ ಸುಮಾರಿಗೆ, ತೋಡಿಸಿದ್ದು. ನಡುವೆ ಚಿನ್ನದ ಗುಡಿ. ಆ ಚಿನ್ನ ಮಹಾರಾಜ ರಣಜಿತ್ ಸಿಂಘನ ಕಾಲದ್ದು. ಗುಡಿಗೆ ನಾಲ್ಕು ದಿಕ್ಕಿಗೂ ಬಾಗಿಲು. ಚಿನ್ನದ ಬಗ್ಗೆ ಎಲ್ಲರೂ ಬರೆದಿದ್ದಾರೆ, ನಾನು ಬಿಡುತ್ತೇನೆ. ನನಗೆ ನೆನಪಿರುವುದು ಕಾಲಡಿಯ ಕಲ್ಲು. ಫೆಬ್ರವರಿಯ ಬೆಳಗಿನಲ್ಲಿ ಅಮೃತಶಿಲೆ ಮಂಜುಗಡ್ಡೆ.

ಒಳಗೆ ಹೋಗಲು ನೀರಿನ ಮೇಲಿನ ಸೇತುವೆಯಲ್ಲಿ ಸರತಿ. ಒಂದೂವರೆ ಗಂಟೆ ನಿಂತೆವು. ಸರತಿಗೆ ಮುಂಚೆ ಕೌಂಟರಿನಲ್ಲಿ ದುಡ್ಡು ಕೊಟ್ಟು ದೊನ್ನೆಯಲ್ಲಿ ಕಡಾಹ್ ಪ್ರಸಾದ ತೆಗೆದುಕೊಂಡಿದ್ದೆವು. ಗೋಧಿ ಹಿಟ್ಟು, ತುಪ್ಪ, ಸಕ್ಕರೆ ಸಮಸಮ. ಅವ್ವ ಮೂಸಿ ನೋಡಿ, "ನಮ್ಮ ಸಜ್ಜಕದಂಗೇ ಅದ. ತುಪ್ಪ ಜಾಸ್ತಿ" ಅಂದಳು. ದಾರಿಯಲ್ಲಿ ಒಬ್ಬ ಸೇವಾದಾರ ಆ ದೊನ್ನೆ ತೆಗೆದುಕೊಂಡು, ಅರ್ಧ ಭಾಗವನ್ನು ತನ್ನ ಪಾತ್ರೆಗೆ ಹಾಕಿಕೊಂಡು, ಉಳಿದರ್ಧ ನಮ್ಮ ಕೈಗೇ ಕೊಟ್ಟ. ಅವ್ವನಿಗೆ ಇದು ಹಿಡಿಸಲಿಲ್ಲ. ದೇವರಿಗೆ ತಂದದ್ದು ದೇವರ ಮುಂದೆ ಹೋಗಲೇ ಇಲ್ಲವಲ್ಲ ಅಂತ.

ಒಳಗೆ ಮಂಗಳಾರತಿ ಇಲ್ಲ, ತೀರ್ಥ ಇಲ್ಲ. ಹೆಸರು, ಗೋತ್ರ, ನಕ್ಷತ್ರ ಯಾರೂ ಕೇಳಲಿಲ್ಲ. ಮೇಲೆ ಚಾಂದನಿ ಕಟ್ಟಿದೆ. ಅದರ ಕೆಳಗೆ ಮೆತ್ತೆಯ ಮೇಲೆ ಗುರು ಗ್ರಂಥ ಸಾಹಿಬ್. ಹೊದಿಸಿದ ಜರಿ ಬಟ್ಟೆಗೆ ರುಮಾಲಾ ಅನ್ನುತ್ತಾರೆ. ಗ್ರಂಥ ಓದುವವರಿಗೆ ಗ್ರಂಥಿ ಅನ್ನುತ್ತಾರೆ, ಅವರು ಕೂತು ಚೌರಿ ಬೀಸುತ್ತಿದ್ದಾರೆ. ಒಂದು ಬದಿಗೆ ರಾಗಿಗಳು, ಅಂದರೆ ಕೀರ್ತನೆ ಹಾಡುವವರು, ಹಾರ್ಮೋನಿಯಂ, ತಬಲಾ ಇಟ್ಟುಕೊಂಡು ಹಾಡುತ್ತಿದ್ದಾರೆ. ಅವ್ವ ಹಣೆ ನೆಲಕ್ಕೆ ಮುಟ್ಟಿಸಿ ಎದ್ದಳು. ಹಿಂದಿನವರು ಒತ್ತಿದರು. ಮುಗಿಯಿತು. ಹೊರಗೆ ಬರುವಾಗ ಎಲ್ಲರಿಗೂ ಒಂದೇ ಪಾತ್ರೆಯಿಂದ ಒಂದೊಂದು ಹಿಡಿ ಪ್ರಸಾದ.

"ಪೂಜಾ ಯಾವಾಗ ಮಾಡ್ತಾರ?" ಅಂತ ಅವ್ವ ಅಲ್ಲಿದ್ದ ಸೇವಾದಾರನನ್ನು ಕೇಳಿದಳು, ಬೀದರ್‌ನ ದಖನಿಯಲ್ಲಿ. ಅವನಿಗೆ ಪ್ರಶ್ನೆ ಅರ್ಥವಾಗಲಿಲ್ಲ. ದಖನಿ ಅರ್ಥವಾಯಿತು, ಪೂಜೆ ಅರ್ಥವಾಗಲಿಲ್ಲ. ಕೊನೆಗೆ, "ಕೀರ್ತನೆ ನಡೆಯುತ್ತಲೇ ಇದೆ ಅಮ್ಮಾ. ರಾತ್ರಿ ಪಾಲಕಿ ಇದೆ. ಹಸಿವಾಗಿದ್ದರೆ ಲಂಗರ್ ಆ ಕಡೆ" ಅಂದ.

ಲಂಗರಿಗೆ ಹೋದೆವು. ದಿನಕ್ಕೆ 50,000ಕ್ಕೂ ಜಾಸ್ತಿ ಜನ ಉಣ್ಣುವ ಜಾಗ. ರಾತ್ರಿ ಹಗಲು ಒಲೆ ಆರುವುದಿಲ್ಲ. ಉದ್ದ ಜಮಖಾನೆಯ ಮೇಲೆ ಸಾಲಾಗಿ ಕೂರಬೇಕು. ಆ ಸಾಲಿಗೆ ಅವರು ಪಂಗತ್ ಅನ್ನುತ್ತಾರೆ. ನಾವೂ ಪಂಗ್ತಿ ಅಂತೀವಿ. ಆದರೆ ನಮ್ಮಲ್ಲಿ ಪಂಕ್ತಿಯ ಜೊತೆ ಪಂಕ್ತಿಭೇದ ಅನ್ನುವ ಮಾತೂ ಇದೆ ನೋಡಿ. ಮೂರನೆಯ ಗುರು ಅಮರದಾಸರು, ನನ್ನನ್ನು ನೋಡಬೇಕಾದರೆ ಮೊದಲು ಪಂಗತ್‌ನಲ್ಲಿ ಕೂತು ಉಣ್ಣಿ ಅಂತ ನಿಯಮ ಮಾಡಿದ್ದರಂತೆ. ಅಕ್ಬರ್ ಬಾದಷಹನೂ ಹಾಗೇ ಕೂತು ಉಂಡು ಹೋದ ಅಂತ ಹೇಳುತ್ತಾರೆ.

ರೊಟ್ಟಿ ಬಡಿಸುವವನು ಬಂದ. "ಪರಶಾದಾ ಜೀ!" ಅವ್ವ ತಟ್ಟೆ ಮುಂದೆ ಮಾಡಿದಳು. ಅವನು ಹಾಕಲಿಲ್ಲ, ಕಾದ. ಪಕ್ಕದವರು ಎರಡೂ ಅಂಗೈ ಚಾಚಿ ತೋರಿಸಿದರು. ರೊಟ್ಟಿಯನ್ನು ಕೈಯೊಡ್ಡಿಯೇ ಇಸಿದುಕೊಳ್ಳಬೇಕು. ಎಂಟು ಎಕರೆಯ ಒಡತಿ ಅವ್ವ ಹಾಗೆ ಅಂಗೈ ಒಡ್ಡಿದ್ದನ್ನು ನಾನು ನೋಡಿದ್ದು ಅದೇ ಮೊದಲು. ತಮ್ಮ ದಾಲ್ ಬೆರಳಿಗೆ ಹಚ್ಚಿ ನೋಡಿ, "ಉದ್ದು, ಕಡ್ಲಿಬ್ಯಾಳಿ ಅದ. ತೊಗರಿ ಇಲ್ಲ" ಅಂತ ವರದಿ ಕೊಟ್ಟ. ಅವನಿಗೆ ಬೇಜಾರಾಯಿತು ಅನಿಸುತ್ತದೆ.

ಉಂಡು ಏಳುವಾಗ ತಟ್ಟೆ ಎಲ್ಲಿಡಬೇಕು ಅಂತ ನೋಡುತ್ತಾ ಹೊರಗೆ ಬಂದೆ. ಅಲ್ಲಿ ಜನ ಸಾಲಾಗಿ ನಿಂತು ತಟ್ಟೆಗಳನ್ನು ಕೈಯಿಂದ ಕೈಗೆ ದಾಟಿಸುತ್ತಿದ್ದರು. ಚಮಚ ಒಂದು ಕಡೆ, ಬಟ್ಟಲು ಒಂದು ಕಡೆ. ಆಚೆಗೆ ಉದ್ದುದ್ದ ತೊಟ್ಟಿಗಳು, ಸೋಪಿನ ನೀರು. ಸ್ಟೀಲ್ ತಟ್ಟೆಗಳ ಆ ಸದ್ದು! ಹತ್ತು ಮದುವೆ ಮನೆಗಳ ಪಾತ್ರೆ ಒಂದೇ ಸಲ ಬಿದ್ದ ಹಾಗೆ. ಒಬ್ಬ ಹೆಂಗಸು ಪಕ್ಕಕ್ಕೆ ಸರಿದು ನನಗೆ ಜಾಗ ಬಿಟ್ಟಳು. ಯಾರೂ ಕರೆಯಲಿಲ್ಲ, ಹೆಸರು ಬರೆಸಬೇಕಿಲ್ಲ, ಯಾರೂ ಹೇಳಿಕೊಡಲಿಲ್ಲ. ತೋಳು ಮಡಚಿ ನಿಂತೆ.

ಮೊದಲ ಹತ್ತು ನಿಮಿಷ ಪುಣ್ಯ ಬರುತ್ತದೆ ಅನ್ನುವ ಹುಮ್ಮಸ್ಸು. ಆಮೇಲೆ ಸೊಂಟ ನೋವು. ಆಮೇಲೆ ಮನೆಯಲ್ಲಿ ಇದನ್ನೇ ಇಪ್ಪತ್ತು ವರ್ಷದಿಂದ ಮಾಡುತ್ತಿದ್ದೇನಲ್ಲ, ರಜೆ ಹಾಕಿ ಇಲ್ಲಿಗೆ ಬಂದು ಮಾಡಬೇಕಾ ಅನ್ನುವ ಸಿಟ್ಟು. ನಿಜ ಹೇಳುತ್ತೇನೆ, ಆ ಸಿಟ್ಟು ಬಹಳ ಹೊತ್ತು ಇತ್ತು. ನನ್ನ ಎದುರು ನಿಂತು ತಿಕ್ಕುತ್ತಿದ್ದವರಲ್ಲಿ ಅರ್ಧ ಗಂಡಸರು. ದಪ್ಪ ಮೀಸೆಯ ಒಬ್ಬ ಅಜ್ಜ ತಟ್ಟೆಯ ಅಂಚನ್ನು ಬೆರಳಿಂದ ಸವರಿ, ಜಿಡ್ಡಿದೆಯಾ ಅಂತ ನೋಡಿ, ಮತ್ತೆ ತಿಕ್ಕುತ್ತಿದ್ದ. ನನ್ನ ಮನೆಯ ಗಂಡಸರಲ್ಲಿ ಒಬ್ಬನೂ ಹೀಗೆ ಅಂಚು ಸವರಿ ನೋಡಿದ್ದು ನನಗೆ ನೆನಪಿಲ್ಲ. ಸಿಟ್ಟು ಹೋಗಲಿಲ್ಲ, ದಿಕ್ಕು ಬದಲಾಯಿಸಿತು.

ಅವ್ವನಿಗೆ ಮೊಣಕಾಲು ನೋವು, ನಿಲ್ಲಲು ಆಗುವುದಿಲ್ಲ. ಅವಳು ತಾನೇ ಜಾಗ ಹುಡುಕಿಕೊಂಡಿದ್ದಳು. ಬೆಳ್ಳುಳ್ಳಿ ಸುಲಿಯುವ ಕಡೆ. ಗುಡ್ಡದ ಹಾಗೆ ಬೆಳ್ಳುಳ್ಳಿ, ಸುತ್ತ ಹತ್ತಿಪ್ಪತ್ತು ಮುದುಕಿಯರು, ಕೆಲವು ಮುದುಕರು. ನಾನು ಹುಡುಕಿಕೊಂಡು ಹೋಗುವಷ್ಟರಲ್ಲಿ ಅವ್ವ ಪಂಜಾಬಿ ಅಜ್ಜಿಯರ ಜೊತೆ ದಖನಿಯಲ್ಲಿ ಹರಟುತ್ತಿದ್ದಳು. ಇವಳ "ನಕ್ಕೊ", "ಹೌ" ಕೇಳಿ ಅವರಿಗೆ ನಗು. ಊರು ಬೀದರ್ ಅಂದದ್ದೇ ತಡ, ಒಬ್ಬ ಬೀಜಿ (ಅಜ್ಜಿಯರನ್ನು ಅಲ್ಲಿ ಹಾಗೆ ಕರೆಯುತ್ತಾರೆ) ಅವ್ವನ ಎರಡೂ ಕೈ ಹಿಡಿದು ಕಣ್ಣಿಗೆ ಒತ್ತಿಕೊಂಡರಂತೆ. ಭಾಯಿ ಸಾಹಿಬ್ ಸಿಂಘರ ಊರು!

ಇದು ನನಗೆ ಓದಿ ಗೊತ್ತಿತ್ತು, ಅವ್ವನಿಗೆ ಗೊತ್ತಿರಲಿಲ್ಲ. 1699ರ ಬೈಸಾಖಿಯಂದು ಆನಂದಪುರದಲ್ಲಿ ಗುರು ಗೋಬಿಂದ್ ಸಿಂಘರು ಕತ್ತಿ ಹಿರಿದು, ತಲೆ ಕೊಡುವವರು ಯಾರಿದ್ದೀರಿ ಅಂತ ಕೇಳಿದರು. ಐದು ಜನ ಒಬ್ಬೊಬ್ಬರಾಗಿ ಎದ್ದರು. ಅವರೇ ಪಂಜ್ ಪ್ಯಾರೇ, ಖಾಲ್ಸಾದ, ಅಂದರೆ ದೀಕ್ಷೆ ಪಡೆದ ಸಿಖ್ಖರ ಬಳಗದ, ಮೊದಲ ಐವರು. ಲಾಹೋರ್, ಹಸ್ತಿನಾಪುರ, ಪುರಿ, ದ್ವಾರಕಾ ಕಡೆಯವರು ನಾಲ್ವರು. ಐದನೆಯವನು ಬೀದರ್‌ನ ಸಾಹಿಬ್ ಚಂದ್, ಕ್ಷೌರದ ಕಸುಬಿನವನು. ಆಮೇಲೆ ಭಾಯಿ ಸಾಹಿಬ್ ಸಿಂಘ್ ಆದದ್ದು ಇವನೇ. ಗುರು ಅವರಿಗೆ ಅಮೃತ ಕೊಟ್ಟರು, ಆಮೇಲೆ ಅವರ ಮುಂದೆಯೇ ಮಂಡಿಯೂರಿ ತಾನೂ ತೆಗೆದುಕೊಂಡರು. ಇವತ್ತಿಗೂ ಪ್ರಸಾದ ಹಂಚುವ ಮೊದಲು ಐವರ ಹೆಸರಿನಲ್ಲಿ ಐದು ಪಾಲು ತೆಗೆಯುತ್ತಾರೆ. "ಅದ್ರಾಗ ಒಂದು ಪಾಲು ನಮ್ಮ ಊರವಂದು" ಅಂತ ಅವ್ವ ಮರುದಿನದಿಂದ ಎಲ್ಲರಿಗೂ ಹೇಳತೊಡಗಿದಳು. ದೊನ್ನೆ ಅರ್ಧ ಮಾಡಿದ ಕೋಪ ಅಲ್ಲಿಗೆ ಇಳಿಯಿತು.

ಎರಡನೆಯ ದಿನ ನಾನು ರೊಟ್ಟಿಯ ಕಡೆ ಹೋದೆ. ಅಲ್ಲಿ ಯಂತ್ರವೂ ಇದೆ. ಆದರೂ ಹೆಂಗಸರು ಸುತ್ತ ಕೂತು ಕೈಯಿಂದ ಲಟ್ಟಿಸುತ್ತಾರೆ. ಆಳೆತ್ತರ ಅಗಲದ ಕಬ್ಬಿಣದ ಹಂಚು, ಮಗುಚಲು ಉದ್ದ ಕೋಲು. ನನಗೆ ಜೋಳದ ರೊಟ್ಟಿ ಬಡಿದು ಅಭ್ಯಾಸ. ಉಂಡೆ ಕೈಗೆ ಬಂದ ಕೂಡಲೇ ನನ್ನ ಅಂಗೈ ತಾನಾಗಿ ಬಡಿಯತೊಡಗಿತು. ಎದುರಿನ ಹುಡುಗಿ ಜೋರಾಗಿ ನಕ್ಕು ಲಟ್ಟಣಿಗೆ ಕೊಟ್ಟಳು. ಲುಧಿಯಾನದವಳು, ಕಾಲೇಜು ವಿದ್ಯಾರ್ಥಿನಿ. ಪರೀಕ್ಷೆ ಮುಗಿಸಿ ಸೇವೆಗೆ ಬಂದಿದ್ದಳು. ಅವಳ ಹಿಂದಿ ನನಗೆ ತಿಳಿಯುತ್ತಿತ್ತು. ಮೂರು ದಿನದಲ್ಲಿ ನಾನು ಕಲಿತದ್ದರಲ್ಲಿ ಮುಕ್ಕಾಲು ಪಾಲು ಅವಳು ಹಿಟ್ಟು ಮೆತ್ತಿದ ಕೈಯಲ್ಲಿ ಹೇಳಿದ್ದು.

ಪುಸ್ತಕವನ್ನು ಯಾಕೆ ಪೂಜೆ ಮಾಡುತ್ತೀರಿ ಅಂತ ನಾನು ನೇರವಾಗಿಯೇ ಕೇಳಿದೆ. ಪುಸ್ತಕಕ್ಕೆ ಪೂಜೆ ಇಲ್ಲ ಅಂದಳು. ಗುರು ಅಂದರೆ ದೇಹ ಅಲ್ಲ, ಶಬದ್, ಅಂದರೆ ಮಾತು. ಆ ಮಾತು ಇರುವ ಕಡೆ ರಾಜನಿಗೆ ಕೊಡುವ ಮರ್ಯಾದೆ ಕೊಡುತ್ತೇವೆ. ಚೌರಿ, ಚಾಂದನಿ, ಪಲ್ಲಕ್ಕಿ ಎಲ್ಲ ಅದಕ್ಕೇ. ಆದರೆ ಕೇಳದೆ ಬರೀ ತಲೆ ಬಾಗಿಸಿದರೆ ಏನು ಬಂತು? ಐದನೆಯ ಗುರು ಅರ್ಜನರು 1604ರಲ್ಲಿ ಗ್ರಂಥ ಜೋಡಿಸಿ ಇದೇ ಗುಡಿಯಲ್ಲಿ ಇಟ್ಟರು. ಈಗ ಅದಕ್ಕೆ 1430 ಪುಟ. ಪುಟ ಅನ್ನುವುದಿಲ್ಲ, ಅಂಗ್ ಅನ್ನುತ್ತಾರೆ. ಗುರುಗಳದಷ್ಟೇ ಅಲ್ಲ, ಕಬೀರ, ರವಿದಾಸ, ಶೇಖ್ ಫರೀದ, ನಾಮದೇವರ ಪದಗಳೂ ಅದರಲ್ಲಿವೆ. ಬಹುಪಾಲು ರಾಗದ ಪ್ರಕಾರ ಜೋಡಿಸಿದ್ದು.

ನಾಮದೇವ ಅಂದ ಕೂಡಲೇ ನಾನು ಲಟ್ಟಿಸುವುದು ನಿಲ್ಲಿಸಿದೆ. ನಮ್ಮ ಪಂಢರಪುರದ ನಾಮದೇವನಾ? ಹೌದು, ಅವನದೇ 61 ಪದ. ಅದರಲ್ಲಿ "ಬೀಠಲು" ಅನ್ನುವ ಮಾತೇ ಬರುತ್ತದೆ ಅಂದಳು. ಸಂಜೆ ಅವ್ವನಿಗೆ ಹೇಳಿದೆ. ಅವ್ವ ಗುಡಿಯ ಕಡೆ ತಿರುಗಿ ಗಟ್ಟಿಯಾಗಿಯೇ, "ವಿಠ್ಠಲಾ, ನೀನು ಇಲ್ಲೂ ಕುಂತೀಯೇನಪ್ಪಾ? ಹಂಗಾದ್ರ ಹೇಳಿದ್ದು ನೆನಪದಲ್ಲ?" ಅಂದಳು. ವಿಠ್ಠಲ, ರಾಮ, ಹರಿ, ಅಲ್ಲಾ ಎಲ್ಲ ಹೆಸರೂ ಅಲ್ಲಿ ರೂಪವಿಲ್ಲದ ಒಬ್ಬನಿಗೇ ಅಂತ ನಾನು ವಿವರಿಸಲು ಹೋಗಲಿಲ್ಲ. ಆ ಒಬ್ಬನಿಗೆ ಅವರ ಮೂಲ ಮಂತ್ರ ಕೊಡುವ ಗುರುತುಗಳು ಹೀಗಿವೆ: ಹೆಸರೇ ಸತ್ಯ, ಮಾಡುವವನು, ಭಯವಿಲ್ಲ, ವೈರವಿಲ್ಲ, ಕಾಲವಿಲ್ಲ, ಹುಟ್ಟಿಲ್ಲ. ಮೊದಲಿನ ಗುರುತು ಅಕ್ಷರವೇ ಅಲ್ಲ, ಅಂಕಿ. "ಇಕ್ ಓಅಂಕಾರ್" ಬರೆಯುವಾಗ ಮೊದಲು 1 ಅಂತಲೇ ಬರೆಯುತ್ತಾರೆ. ಎರಡು ಅಂತ ಓದಲು ದಾರಿಯೇ ಇರಬಾರದು ಅಂತ ಇರಬೇಕು.

ದುಡಿದು ತಿನ್ನು, ನಾಮ ನೆನೆ, ಹಂಚಿಕೊಂಡು ಉಣ್ಣು. ನಾನಕರ ಮಾತಿನ ತಿರುಳು ಇಷ್ಟೇ ಅಂದಳು ಹುಡುಗಿ. ಬಸವಕಲ್ಯಾಣದ ಜಿಲ್ಲೆಯವಳು ನಾನು, ಕಾಯಕ ದಾಸೋಹ ನಾಲಿಗೆ ತುದಿಗೆ ಬಂದವು. ಹೇಳಲಿಲ್ಲ. ಯಾರ ಮನೆಗೆ ಹೋದರೂ "ಇದು ನಮ್ಮಲ್ಲೂ ಇದೆ" ಅನ್ನುವುದು ಒಂದು ಕೆಟ್ಟ ಚಟ. ನಮ್ಮಲ್ಲಿ ಅಂಗೈ ಮೇಲೆ ಇಷ್ಟಲಿಂಗ ಇರುತ್ತದೆ, ಕಣ್ಣು ಅದರ ಮೇಲೆ. ಇಲ್ಲಿ ಕಣ್ಣಿಗೆ ಏನೂ ಇಲ್ಲ, ಎಲ್ಲ ಕಿವಿಗೆ. ನಸುಕಿನಿಂದ ರಾತ್ರಿಯವರೆಗೆ ಹಾಡು. ಆ ವ್ಯತ್ಯಾಸ ನನಗೆ ಹೋಲಿಕೆಗಿಂತ ಹೆಚ್ಚು ಇಷ್ಟವಾಯಿತು. ತಮ್ಮನಿಗೆ ಇಷ್ಟವಾದದ್ದು ಬೇರೆ. ನಾನಕರು ಊರೂರು ತಿರುಗಿ ಮುಗಿಸಿದ ಮೇಲೆ ಕರ್ತಾರ್‌ಪುರದಲ್ಲಿ ನೆಲೆನಿಂತು, 1539ರಲ್ಲಿ ತೀರಿಕೊಳ್ಳುವವರೆಗೂ ಹೊಲ ಉತ್ತರು ಅನ್ನುವುದು. "ಗುರುನೇ ಒಕ್ಕಲುತನ ಮಾಡ್ಯಾನ. ಮತ್ತ ನಂಗ್ಯಾಕ ಹೆಣ್ಣು ಕೊಡ್ವಲ್ರು ಅಕ್ಕಾ?"

ಅವ್ವನ ಹೂವಿನ ವಿಷಯ ಬಾಕಿ ಇತ್ತು. ಅದಕ್ಕೆ ಹತ್ತಿರದ್ದು ಅಂದರೆ ಹುಕುಂನಾಮಾ. ಬೆಳಿಗ್ಗೆ ಗ್ರಂಥ ತಂದಿಟ್ಟ ಮೇಲೆ ಎಲ್ಲೋ ಒಂದು ಕಡೆ ತೆರೆಯುತ್ತಾರೆ. ಎಡಪುಟದ ಮೇಲ್ಭಾಗದಲ್ಲಿ ಯಾವ ಪದ ಸಿಗುತ್ತದೋ ಅದೇ ಆವತ್ತಿನ ಅಪ್ಪಣೆ. ಓದುತ್ತಾರೆ, ಬೋರ್ಡಿನ ಮೇಲೂ ಬರೆಯುತ್ತಾರೆ. ಅವ್ವನಿಗೆ ಇದು ಬಹಳ ಸರಿ ಅನಿಸಿತು. ಹೂವಿಗಿಂತ ಗಟ್ಟಿ, ಅಕ್ಷರದಲ್ಲೇ ಇರುತ್ತದೆ. ಮೂರನೆಯ ದಿನ ನಸುಕಿನಲ್ಲಿ ಎದ್ದು, ಚಳಿಯಲ್ಲಿ ನಡುಗುತ್ತಾ ಹೋಗಿ ಕೂತೆವು. ಮನಸ್ಸಿನಲ್ಲಿ ಮಗನ ಮದುವೆ ಇಟ್ಟುಕೊಂಡು ಅವ್ವ ಕಣ್ಣು ಮುಚ್ಚಿದಳು. ಹುಕುಂ ಓದಿದರು. ಆಮೇಲೆ ಹುಡುಗಿಯನ್ನು ಬೋರ್ಡಿನ ಮುಂದೆ ನಿಲ್ಲಿಸಿ ಅರ್ಥ ಕೇಳಿದೆವು. ಮನಸ್ಸು ಹತ್ತು ದಿಕ್ಕಿಗೆ ಓಡುತ್ತದೆ, ಗುರುವಿನ ಮಾತು ಹಿಡಿದರೆ ನಿಲ್ಲುತ್ತದೆ ಅನ್ನುವ ಅರ್ಥ ಅಂದಳು.

"ಅಂದ್ರ ಆಗ್ತದೋ, ಇಲ್ಲೋ?" ಅಂದಳು ಅವ್ವ.

ಹುಡುಗಿಗೆ ತಡಬಡಾಯಿಸಿತು. ಇದು ನಾವು ಕೇಳಿದ್ದಕ್ಕೆ ಉತ್ತರ ಅಲ್ಲ ಬೀಜಿ, ಇವತ್ತು ಹೇಗಿರಬೇಕು ಅಂತ ನಮಗೆ ಬಂದ ಆಜ್ಞೆ ಅಂದಳು. ಹಾಗಂತ ಕೇಳಬಾರದು ಅಂತೇನಿಲ್ಲ, ಅರ್ದಾಸ್‌ನಲ್ಲಿ ಕೇಳಿಕೊಳ್ಳಬಹುದು. ಅರ್ದಾಸ್ ಅಂದರೆ ಎಲ್ಲರೂ ಎದ್ದು ಕೈ ಮುಗಿದು ನಿಂತು ಮಾಡುವ ಬಿನ್ನಹ. ಹತ್ತು ಗುರುಗಳನ್ನು, ಪಂಜ್ ಪ್ಯಾರೇಯನ್ನು, ಪ್ರಾಣ ಕೊಟ್ಟವರನ್ನು ನೆನೆಯುತ್ತಾರೆ. ನಡುವೆ ನಮ್ಮ ಕೋರಿಕೆ ಹೇಳಿಕೊಳ್ಳಬಹುದು. ಕೊನೆಯ ಮಾತು ಮಾತ್ರ ಯಾವಾಗಲೂ "ಸರಬತ್ ದಾ ಭಲಾ", ಎಲ್ಲರಿಗೂ ಒಳ್ಳೆಯದಾಗಲಿ.

ಅವ್ವ ಅರ್ದಾಸ್‌ಗೆ ನಿಂತಳು. ಮುಗಿದ ಮೇಲೆ ನನ್ನ ಕಿವಿಯಲ್ಲಿ, "ಎಲ್ಲಾರ್ದೂ ಛಲೋ ಆಗ್ಲಿ, ಬ್ಯಾಡ ಅನ್ನಲ್ಲ. ಆದ್ರ ಎಲ್ಲಾರ್ದೂ ಆಗಿ ನಮ್ಮ ಪಾಳಿ ಬರೋದು ಯಾವಾಗ?" ಅಂದಳು. ಆಮೇಲೆ ಬೆಳ್ಳುಳ್ಳಿಯ ಕಡೆ ಹೋದಳು. ಅಲ್ಲಿ ಅವಳಿಗೆ ಹೆಚ್ಚು ಸಮಾಧಾನ ಇತ್ತು ಅನಿಸುತ್ತದೆ. ಆ ಬೀಜಿಯರ ಮಕ್ಕಳೂ ಮೊಮ್ಮಕ್ಕಳೂ ಕೆನಡಾಕ್ಕೆ ಹೋಗಿಬಿಟ್ಟಿದ್ದಾರೆ, ಹೊಲ ಪಾಲಿಗೆ ಕೊಟ್ಟಿದ್ದಾರೆ. ಒಬ್ಬರು ಅವ್ವನನ್ನು ಕೇಳಿದರಂತೆ: ನಿನ್ನ ಮಗ ಹೊಲದಲ್ಲೇ ಇದ್ದಾನಾ? ನಿನ್ನ ಜೊತೆಗೇ? ಪುಣ್ಯವಂತೆ ನೀನು. ಅವ್ವ ಇದನ್ನು ನನಗೆ ಎರಡು ಸಲ ಹೇಳಿದಳು.

ರಾತ್ರಿ ಪಾಲಕಿ. ದಿನವಿಡೀ ಕೂತ ಗ್ರಂಥವನ್ನು ಮಲಗಿಸುವ ಹೊತ್ತು, ಅದಕ್ಕೆ ಸುಖಾಸನ ಅನ್ನುತ್ತಾರೆ. ಸಮಯ ಚಳಿಗಾಲಕ್ಕೆ ಒಂದು, ಬೇಸಿಗೆಗೆ ಒಂದು. ಕೀರ್ತನ್ ಸೋಹಿಲಾ ಅನ್ನುವ ಮಲಗುವ ಹೊತ್ತಿನ ಪದಗಳನ್ನು ಹೇಳಿ, ಗ್ರಂಥವನ್ನು ರುಮಾಲಾಗಳಲ್ಲಿ ಸುತ್ತಿ, ಗ್ರಂಥಿ ತಲೆಯ ಮೇಲೆ ಹೊತ್ತು ತರುತ್ತಾರೆ. ಚಿನ್ನದ ಪಲ್ಲಕ್ಕಿಯಲ್ಲಿಟ್ಟು ಸೇತುವೆ ದಾಟಿ ಎದುರಿನ ಅಕಾಲ್ ತಖ್ತ್‌ಗೆ ಒಯ್ದು ಮಲಗಿಸುತ್ತಾರೆ. ನಸುಕಿನಲ್ಲಿ ಮತ್ತೆ ಅಲ್ಲಿಂದ ಇಲ್ಲಿಗೆ. ನಗಾರಿ, ಕೊಂಬು, ಗುಲಾಬಿ ಎಸಳು, ಅತ್ತರು. ತಮ್ಮ ಎರಡು ಗಂಟೆ ಮೊದಲೇ ಹೋಗಿ ಗಂಡಸರ ಸಾಲಿನಲ್ಲಿ ನಿಂತಿದ್ದ. ಒಬ್ಬೊಬ್ಬರಿಗೂ ಹೆಗಲು ಕೊಡಲು ಸಿಗುವುದು ಕೆಲವೇ ಕ್ಷಣ.

ಗಂಡಸರ ಸಾಲು ಅಂದೆ. ಹೆಂಗಸರು ಈ ಪಲ್ಲಕ್ಕಿಗೆ ಹೆಗಲು ಕೊಡುವ ರೂಢಿ ಇಲ್ಲ. ಹುಡುಗಿ ನನ್ನ ಪಕ್ಕ ನಿಂತು ನೋಡುತ್ತಿದ್ದಳು. ರಾಜರನ್ನು ಹೆತ್ತವಳನ್ನು ಕೀಳು ಅಂತ ಹೇಗೆ ಕರೆಯುತ್ತೀರಿ ಅಂತ ಗುರು ನಾನಕರು ಕೇಳಿದ್ದಾರೆ, ಅದನ್ನು ಪ್ರತಿದಿನ ಬೆಳಿಗ್ಗೆ ಆಸಾ ದೀ ವಾರ್‌ನಲ್ಲಿ ಇಲ್ಲೇ ಹಾಡುತ್ತಾರೆ ಅಂದಳು. ಅಷ್ಟೇ ಅಂದಳು, ಮುಂದೆ ಏನೂ ಹೇಳಲಿಲ್ಲ. ನಾನು ಅವಳಿಗೆ ನಮ್ಮ ಜನವಾಡದ ಬಗ್ಗೆ ಹೇಳಿದೆ. ಮುಕ್ತಸರದ ಕಾಳಗದಲ್ಲಿ, ಗುರುವನ್ನು ಬಿಟ್ಟು ಹೋದ 40 ಗಂಡಸರನ್ನು ಹಂಗಿಸಿ ವಾಪಸ್ ಕರೆತಂದು, ತಾನೂ ಆಯುಧ ಹಿಡಿದು ಹೋರಾಡಿದ ಮಾಯಿ ಭಾಗೋ, ಗುರು ತೀರಿಕೊಂಡ ಮೇಲೆ ಬಂದು ನೆಲೆಸಿದ್ದು ನಮ್ಮೂರ ಪಕ್ಕದಲ್ಲೇ. ಅವಳ ಹೆಸರಿನ ಗುರುದ್ವಾರ ಅಲ್ಲಿದೆ. "ಒಮ್ಮೆ ಬರುತ್ತೇನೆ" ಅಂದಳು. ಕೊಂಬು ಊದಿದರು. ಪಲ್ಲಕ್ಕಿ ಬಂತು. ಅವಳೂ ನಾನೂ ಕೈ ಮುಗಿದೆವು.

ನೂಕುನುಗ್ಗಲಿನಲ್ಲಿ ತಮ್ಮ ಕಾಣಲೇ ಇಲ್ಲ. ಟವೆಲ್ ರುಮಾಲು ಒಂದು ಕ್ಷಣ ಮೇಲೆದ್ದು ಮುಳುಗಿದ ಹಾಗಿತ್ತು. ಅರ್ಧ ಗಂಟೆಯ ಮೇಲೆ ಬಂದ. ಹೆಗಲ ಮೇಲೆ ಗುಲಾಬಿ ಎಸಳು ಅಂಟಿತ್ತು, ಮೈಯೆಲ್ಲ ಅತ್ತರಿನ ವಾಸನೆ. ಅವ್ವ ಮೆಟ್ಟಿಲ ಮೇಲೆ ಕೂತು ಕಾಯುತ್ತಿದ್ದಳು, ಅವಳ ಕೈ ಇನ್ನೂ ಬೆಳ್ಳುಳ್ಳಿ.

"ಸಿಕ್ತೇನೋ?"

"ಸಿಕ್ತವ್ವ."

"ಏನು ಬೇಡ್ಕೊಂಡಿ?"

"ಬೇಡ್ಕೊಳ್ಳಾಕ ಟೈಮ್ ಎಲ್ಲಿತ್ತವ್ವ? ಹೆಗಲು ಕೊಟ್ಟೆ, ಹಿಂದಿನಾಂವ ಬಂದ, ಬಿಟ್ಟೆ."

ಅವ್ವ ಅವನ ಹೆಗಲ ಮೇಲಿನ ಎಸಳು ತೆಗೆದಳು. ಬಲ ಹೆಗಲೋ ಎಡ ಹೆಗಲೋ ಅಂತ ಮೊದಲು ನೋಡಿಯೇ ತೆಗೆದಳು.